ಕೆಲಸದ ಪರಿಚಯ ಅಷ್ಟೇ

ಜೂನ್ ೩, ೨೦೦೭, ರವಿವಾರ

ಮಾತಾಡಾಕ ಯಾರೂ ಇಲ್ಲಂತ ಬರಿಯಾಕ ಕುಂತೀನಿ. ನಮ್ಮ ಮನಿಯವರು ಪ್ರಕಾಶ್‌ಗ ಏನರೆ ಹೇಳಿದ್ರ "ಬಿಡ, ಎಲ್ಲಾದಕ್ಕೂ ತಲಿ ಕೆಡಿಸ್ಕೋತಿ" ಅಂತಾರ. ಮಗಳು ಕೃಪಾಗ ಎಂಟು ವರ್ಷ, ಕನ್ನಡದಾಗ ಕೇಳಿದ್ರ ಇಂಗ್ಲಿಷ್‌ನ್ಯಾಗ ಉತ್ತರ ಕೊಡ್ತೈತಿ. ಉಳಿದಾಕಿ ಯಾಡಿ. ಕನ್ನಡದಾಗ ಬರಿಯೂವಾಗ ಅವ್ವ ಅಂತ ಬರೀಬೇಕೇನೋ, ಆದ್ರ ಅಕಿ ನನಗ ಹುಟ್ಟಿದಾಗಿಂದ ಯಾಡಿನ. ಅಕಿ ಇಂಡಿ ತಾಲೂಕಿನ ತಾಂಡಾದಾಗ ಇರ್ತಾಳ, ನ್ಯೂಜಿಲೆಂಡ್ ಅಂದ್ರ ಪುಣೆಕ್ಕಿಂತ ಸ್ವಲ್ಪ ಆಚಿ ಅಂತ ತಿಳಕೊಂಡಾಳ.

ಇವತ್ತ ಜಾನ್ಸನ್‌ವಿಲ್‌ನ್ಯಾಗ ಕೇಶವಮೂರ್ತಿ ಅಂಕಲ್ ಮನ್ಯಾಗ ಕನ್ನಡ ಬಳಗದ ಊಟ ಇತ್ತು. ಅವರು ಬಳಗದ ಅಧ್ಯಕ್ಷರು, ಮೈಸೂರಿನವರು. ಹೆಂಡ್ತಿ ಪದ್ಮಾವತಿ ಆಂಟಿ ಬಿಸಿಬೇಳೆಬಾತ್ ಬಡಿಸಿಕೋತ, ನೀವು ಕೊಂಕಣಿಯವರು ಕಾಯಿ ಇಲ್ದೆ ಅಡುಗೆ ಮಾಡಲ್ಲ ಅಲ್ವಾ ಅಂದ್ರು. ನಾ ಹೂಂ ಅಂದೆ.

ಈ ಹೂಂ ಶುರು ಆಗಿದ್ದು ನಾವು ಬಂದ ವರ್ಷ. ಪ್ರಕಾಶ್ ಅವರ ಅಡ್ಡಹೆಸರು ಖರೆ ಅಂದ್ರ ರಾಠೋಡ. ಹಾಸ್ಟೆಲ್‌ನ್ಯಾಗ ಹುಡುಗರು ಲಮಾಣಿ ಲಮಾಣಿ ಅಂತ ಕಾಡಿಸಿದ್ದಕ್ಕ ನಾಯಕ್ ಅಂತ ಬದಲಿ ಮಾಡಿಸಿಕೊಂಡ್ರು. ಇವರಜ್ಜ ತಾಂಡಾದ ನಾಯಕ ಇದ್ದ, ಹಂಗಾಗಿ ಸುಳ್ಳಂತೂ ಅಲ್ಲ. ಆಂಟಿ ಮೊದಲನೇ ಸಲ ಆ ಹೆಸರು ಕೇಳಿದವರ, ಓಹೋ ನಾಯಕ್, ಮಂಗಳೂರು ಕಡೆ ಕೊಂಕಣಿಗಳಾ ಅಂದ್ರು. ಪ್ರಕಾಶ್ ಸುಮ್ಮ ನಕ್ರು. ನಾ ಹೂಂ ಅಂದೆ. ಅವರಾಗೇ ನಮ್ಮನ್ನ ಬ್ರಾಹ್ಮಣರನ್ನ ಮಾಡಿದ್ರ ನಾ ಏನ್ ಮಾಡ್ಲಿ? ಮಾತು ಹಿಂಗ್ಯಾಕ ಅಂತ ಕೇಳಿದ್ರ, ಹುಬ್ಬಳ್ಳ್ಯಾಗ ಬೆಳದೀವಿ ಅಂತ ಒಂದು ಜೋಡಿಸಿ ಇಟ್ಟೀವಿ. ಕೊಂಕಣಿಯವರು ಮೀನ ತಿಂತಾರಂತ, ಅದೊಂದು ಪುಣ್ಯ.

ಜೂನ್ ೧೨, ಮಂಗಳವಾರ

ನಾ ಕೆಲಸ ಮಾಡೂ ಮುದುಕರ ರೆಸ್ಟ್ ಹೋಮಿನ ಲಾಂಡ್ರ್ಯಾಗ ಹೊಸಬಳು ಬಂದಾಳ. ಮಾಗ್ದಾ ಅಂತ, ಹಂಗೇರಿಯಾಕಿ. ನೋಡಿದ್ರ ನಮ್ಮಕಿನ ಅನಸ್ತೈತಿ. ಮೊದಲು ಗುಜರಾತಿ ಇರಬೇಕು ಅಂದ್ಕೊಂಡೆ.

ಇವತ್ತ ಇಬ್ಬರೂ ಚಾದರ ಮಡಚಾಕತ್ತಿದ್ವಿ. ಅಕಿ ಬಾಯಾಗ ಎಣಿಸಿಕೋತಿದ್ಳು, ಯೆಕ್, ದುಯ್, ತ್ರಿನ್, ಷ್ತಾರ್, ಪಾಂಜ್. ನನ್ನ ಕೈ ನಿಂತ ಬಿಡ್ತು. ಮುಂದಿಂದು ಅಕಿ ಶೋವ್ ಅನ್ನೂದಕ್ಕೂ ನಾ ನಮ್ಮ ಮಾತಿನ್ಯಾಗ ಛೋ ಅನ್ನೂದಕ್ಕೂ ಸರಿ ಹೋತು. ಅಕಿ ನನ್ನ ಮಾರಿ ನೋಡಿ, ನೀ ಯಾರು ಅಂದ್ಳು. ನಾ ಇಂಡಿಯನ್ ಅಂದೆ. ಅಕಿ, ಇಂಡಿಯನ್ ಭಾಳ ಮಂದಿ ಇದ್ದಾರ, ನೀ ಯಾರು ಅಂತ ಮತ್ತ ಕೇಳಿದ್ಳು. ಸೂಪರ್‌ವೈಸರ್ ಬಂದ್ಳು ಅಂತ ಉಳಕೊಂಡೆ.

ಮನಿಗೆ ಬಂದ ಮ್ಯಾಲೂ ನನಗ ನಗು. ಇಷ್ಟು ವರ್ಷದಾಗ ಯಾರೂ ನನ್ನ ಹಿಂಗ ಎರಡ ಸಲ ಕೇಳಿದ್ದಿಲ್ಲ.

ಜುಲೈ ೮, ರವಿವಾರ

ಮಾಗ್ದಾನ ಮನಿಗೆ ಹೋಗಿದ್ದೆ, ನಮ್ಮಿಂದ ಎರಡು ಓಣಿ ಆಚಿ. ಹೇಳಿಬಿಟ್ಟೆ. ನಾ ಲಂಬಾಣಿ, ಬಂಜಾರಾ, ನಮ್ಮವರು ಹಿಂದಕ ಎತ್ತಿನ ಮ್ಯಾಲ ಉಪ್ಪು, ಕಾಳು ಹೇರಿಕೊಂಡು ದೇಶ ತಿರಗ್ತಿದ್ರು, ಈಗ ತಾಂಡಾ ಕಟ್ಟಿಕೊಂಡು ಇದ್ದಾರ. ಯಾರಿಗೂ ಹೇಳಬ್ಯಾಡ ಅಂತನೂ ಹೇಳಿದೆ. ಅಕಿ, ನನಗ ಯಾರದಾರ ಹೇಳಾಕ ಅಂದ್ಳು. ಆಮ್ಯಾಲ ತಾನ ಮಾತು ಕೊಟ್ಳು, ಸಾಯೂ ತನಕ ಹೇಳಂಗಿಲ್ಲ ಅಂತ.

ಅಕಿ ರೋಮಾ. ಮಂದಿ ಜಿಪ್ಸಿ ಅಂತಾರಲ್ಲ, ಅವರು. ತಮ್ಮವರಲ್ಲದವರಿಗೆ ಏನಂತೀರಿ ಅಂತ ಕೇಳಿದೆ. ಗಾಜೋ ಅಂತಾರಂತ. ನಾವು ಕೋರ್ ಅಂತೀವಿ ಅಂದೆ. ಅಕಿಗೆ ಎಷ್ಟ ಖುಷಿ ಆತು ಅಂದ್ರ, ತನ್ನ ಗಂಡನ್ನ ಕರದು ಹೇಳಿದ್ಳು, ಕೇಳಿಲ್ಲಿ, ಇವರಲ್ಲೂ ಹೊರಗಿನವರಿಗೆ ಬ್ಯಾರೇ ಹೆಸರೈತಿ ಅಂತ. ಪದ್ಮಾವತಿ ಆಂಟಿ ಕೋರ್, ಕೇಶವಮೂರ್ತಿ ಅಂಕಲ್ ಕೋರ್ ಅಂತ ನಾ ಒಬ್ಬೊಬ್ಬರನ್ನ ಹೇಳಿಕೋತ ಹೋದೆ. ಇಬ್ಬರೂ ಹೊಟ್ಟಿ ಹಿಡಕೊಂಡು ನಕ್ವಿ.

ಅಕಿ ಊರಾಗ ಸಾಲಿಯೊಳಗ ರೋಮಾ ಮಕ್ಕಳಿಗೆ ಬ್ಯಾರೇ ವರ್ಗ ಇತ್ತಂತ, ಬುದ್ಧಿ ಕಡಿಮಿ ಇದ್ದವರು ಅಂತ. ನಾ ನಮ್ಮ ಮಾಸ್ತರಂದು ಹೇಳಿದೆ. ಏನರೆ ಕಳದ್ರ ಮೊದಲು ತಾಂಡಾದ ಮಕ್ಕಳ ಪಾಟೀಚೀಲ ತಗಸ್ತಿದ್ದ. ಇಲ್ಲಿಯವರಿಗೆ ಅದೇನೂ ಗೊತ್ತಿಲ್ಲಂತ. ಬ್ಯಾಸಿಗ್ಯಾಗ ಪಾರ್ಕಿಗೆ ಜಿಪ್ಸಿ ಫೇರ್ ಬಂದಿತ್ತು, ಬಣ್ಣ ಹಚ್ಚಿದ ಲಾರ್‍ಯಾಗ ಮನಿ ಮಾಡಿಕೊಂಡ ಬಿಳೇ ಮಂದಿ ಮೇಣಬತ್ತಿ ಮಾರ್ತಿದ್ರು. ಮಾಗ್ದಾ ಹೋಗಿ, ನಾನೂ ಜಿಪ್ಸಿ ಅಂದ್ರ, ವಾವ್, ನಿನ್ನ ಟ್ರಕ್ ಎಲ್ಲಿ ಅಂತ ಕೇಳಿದ್ರಂತ.

ಆದ್ರ ಹೋದ ತಿಂಗಳ ಒಂದು ಮನಿ ಬಾಡಿಗಿಗೆ ಮಾತಾಡಿದ್ಳು. ಮಾಲಕ ಯುರೋಪಿನವ. ಅಡ್ಡಹೆಸರು ಕೇಳಿದ, ನೀವು ಅವರಾ ಅಂದ, ಮರುದಿನ ಮನಿ ಬ್ಯಾರೇದವರಿಗೆ ಹೋತು ಅಂದ. ದೂರು ಕೊಡಾಕ ಹೋದ್ರ ರೋಮಾ ಅನ್ನೂ ಹೆಸರ ಆಫೀಸಿನವರ ಫಾರ್ಮಿನ್ಯಾಗ ಇದ್ದಿಲ್ಲಂತ, ಇತರೆ ಅಂತ ಹಾಕಿಕೊಂಡ್ರಂತ.

ಜುಲೈ ೨೫, ಬುಧವಾರ

ನಮ್ಮ ಕಡೆ ವಲಸೆ ಬಂದವರದೊಂದು ಫೋರಮ್ ಐತಿ. ಒಂದೊಂದು ಸಮಾಜದವರು ಒಬ್ಬೊಬ್ಬರು, ಸಿಟಿ ಕೌನ್ಸಿಲ್‌ನವರು ಅವರ ಮಾತು ಕೇಳ್ತಾರ. ಸಣ್ಣ ಸಮಾಜದವರಿಗೆ ಅಂತ ಒಂದು ಸೀಟು ಖಾಲಿ ಆಗೈತಿ. ಮಾಗ್ದಾ ನಿಲ್ತಾಳಂತ. ಒಮ್ಮೆ ಅಲ್ಲಿ ಕುಂತ್ರ ರೋಮಾ ಅನ್ನೂ ಹೆಸರು ಎಲ್ಲಾ ಕಡೆ ಬರ್ತೈತಿ, ನಾಳೆ ಮನಿ ಕೊಡದವರ ಮ್ಯಾಲ ಹೆಸರು ಹಿಡದು ದೂರು ಕೊಡಬಹುದು ಅಂತಾಳ. ಓಟು ಹಾಕೂದು ಈಗ ಫೋರಮ್‌ನ್ಯಾಗ ಇರೂ ಸಂಘದವರು. ನಮ್ಮ ಬಳಗದ್ದೂ ಒಂದು ಓಟು ಐತಿ. ನೀ ಬಂದು ನನ್ನ ಪರವಾಗಿ ಎರಡು ಮಾತಾಡು ಅಂತ ಕೇಳಿದ್ಳು. ಆಗ್ಲಿ ಅಂದೆ.

ಪ್ರಕಾಶ್‌ಗ ಹೇಳಿದೆ. ಅವರು ಟಿವಿ ಬಂದ್ ಮಾಡಿದ್ರು. "ಮಾತಾಡು, ಬ್ಯಾಡ ಅನ್ನಂಗಿಲ್ಲ. ಆದ್ರ ನಿನಗ ಅವರ ಮ್ಯಾಲ ಇಷ್ಟ್ಯಾಕ ಕಾಳಜಿ ಅಂತ ಒಬ್ಬ ಕೇಳಿದ್ರ ಸಾಕು. ಮುಂದ ಕೃಪಾನ ಯಾರು ಬರ್ತ್‌ಡೇಕ್ಕ ಕರೀತಾರ ನೋಡು."

ಸಿಟ್ಟು ಬಂತು. ಅದಕ್ಕಿಂತ ಹೆಚ್ಚು ಅಂಜಿಕಿ ಬಂತು. ಇಷ್ಟು ದೂರ ಬಂದ ಮ್ಯಾಲೂ ಅಂಜೂದಾದ್ರ ಯಾಕ ಬಂದ್ವಿ ಅಂತ ಕೇಳಬೇಕಂದೆ, ಭಾಂಡೆ ತಿಕ್ಕಾಕ ಎದ್ದು ಹೋದೆ.

ಆಗಸ್ಟ್ ೧೨, ರವಿವಾರ

ಬಳಗದ ಮೀಟಿಂಗ್. ರಾಜ್ಯೋತ್ಸವಕ್ಕ ಈ ಸಲ ಮಕ್ಕಳ ಲಂಬಾಣಿ ನೃತ್ಯ ಇಡಬೇಕಂತ ಪದ್ಮಾವತಿ ಆಂಟಿ ಅಂದ್ರು. ಕೃಪಾನೂ ಅದರಾಗ. ಬೆಂಗಳೂರಿಂದ ಕನ್ನಡಿ ಲಂಗ ತರಸ್ತಾರಂತ. ಆಂಟಿ ಫೋಟೋ ತೋರಿಸಿದ್ರು, ಸಣ್ಣ ಹುಡುಗ್ಯಾರ ಕಿವಿ ಮಗ್ಗಲ ಘುಗರಿ ಜೋತು ಬಿದ್ದಾವ. ಅದು ಮದುವಿ ಆದ ಹೆಣ್ಣಮಕ್ಕಳು ಕೂದಲಿಗೆ ಕಟ್ಟಿಕೊಳ್ಳೂದು. ಹೇಳಾಕ ಬಾಯಿ ತಗದೆ. ನಿಮಗ ಹೆಂಗ ಗೊತ್ತು ಅಂದ್ರ? ಭಾಳ ಛಲೋ ಐತಿ ಅಂದೆ. ಆಂಟಿ, "ನಿಮ್ಮ ಐತಿ ಗಿಯ್ತಿ ಕೇಳೋಕೆ ಮಜಾ ಕಣ್ರೀ" ಅಂತ ಎಲ್ಲಾರ ಮುಂದ ನಕ್ರು.

ಚಾ ಕುಡಿಯೂವಾಗ ಕೇಶವಮೂರ್ತಿ ಅಂಕಲ್ ನನ್ನ ಹತ್ರ ಬಂದು ಕುಂತ್ರು. ನಿಮ್ಮ ಜೊತೆ ಕೆಲಸ ಮಾಡೋ ಆ ಹಂಗೇರಿಯನ್ ಹೆಂಗಸು ಹೇಗೆ ಅಂದ್ರು. "ನಾನು ಓದ್ದೆ ಅವರ ಬಗ್ಗೆ. ನಮ್ಮ ಲಂಬಾಣಿಗಳ ಥರ ಅಲ್ವೇನಮ್ಮಾ. ಊರೂರು ಅಲೆಯೋ ಜನ, ಇವತ್ತು ಇಲ್ಲಿ, ನಾಳೆ ಎಲ್ಲೋ. ಆದ್ರೂ ನೀವು ಅವಳನ್ನ ಬಲ್ಲವರು. ನೀವು ಒಳ್ಳೇ ಮಾತು ಹೇಳಿದ್ರೆ ನಮ್ಮ ಓಟು ಅವಳಿಗೇ."

ಕೆಟ್ಟ ಮನುಷ್ಯ ಅಲ್ಲ ಅವರು. ಕೃಪಾಗ ಜ್ವರ ಬಂದಾಗ ತಾವ ಕಾರಿನ್ಯಾಗ ಡಾಕ್ಟರ್ ಕಡೆ ಕರಕೊಂಡು ಹೋಗಿದ್ರು. ಅದಕ್ಕ ಇನ್ನೂ ಕಷ್ಟ. ಸಭೆಯಾಗ ಹೇಳ್ತೀನಿ ಅಂಕಲ್ ಅಂದೆ.

ಆಗಸ್ಟ್ ೨೦, ಸೋಮವಾರ

ಮಾಗ್ದಾ ತನ್ನ ಭಾಷಣ ಓದಿ ತೋರಿಸಿದ್ಳು. ನಾ ಇಂಗ್ಲಿಷ್ ತಿದ್ದಿದೆ. ಮನಿಗೆ ಬಂದು ನಾ ಹೇಳೂ ಎರಡು ಮಾತು ಬಾಯಿಪಾಠ ಮಾಡಿದೆ.

ಆಗಸ್ಟ್ ೨೩, ಗುರುವಾರ

ಆಗಿದ್ದು ಆಗಿದ್ದಂಗ ಬರೀತೀನಿ.

ಕಮ್ಯುನಿಟಿ ಹಾಲ್ ತುಂಬಿತ್ತು. ನಮ್ಮ ಬಳಗದವರು ಎರಡನೇ ಸಾಲಿನ್ಯಾಗ, ನಾ ಆಂಟಿ ಮಗ್ಗಲಕ್ಕ. ಮಾಗ್ದಾ ನೀಲಿ ಕೋಟ್ ಹಾಕ್ಕೊಂಡಿದ್ಳು, ಛಲೋ ಮಾತಾಡಿದ್ಳು. ನಾವು ಕಥಿಯೊಳಗಿನ ಜನ ಅಲ್ಲ, ನಿಮ್ಮ ಮುದುಕರ ಹಾಸಿಗಿ ಬಟ್ಟಿ ಒಗಿಯೂ ಜನ ಅಂದ್ಳು. ಒಂದಿಬ್ಬರು ಚಪ್ಪಾಳಿ ಹೊಡದ್ರು.

ಆಮ್ಯಾಲ ಪ್ರಶ್ನೆ. ಒಬ್ಬಾವ, ಜಿಪ್ಸಿ ಅನ್ನೂದು ಸಮಾಜನೋ ಅಥವಾ ಬದುಕೂ ರೀತಿನೋ, ನನ್ನ ಹೆಂಡ್ತಿಗೂ ಫೇರ್ ಅಂದ್ರ ಇಷ್ಟ ಅಂದ. ಎಲ್ಲಾರೂ ನಕ್ರು. ಇನ್ನೊಬ್ಬಾಕಿ, ಸಂಘ ಐತಾ ನಿಮ್ಮದು ಅಂದ್ಳು. ಇಲ್ಲ, ನಾಕು ಮನಿ ಅಷ್ಟ ಅಂದ್ಳು ಮಾಗ್ದಾ. ಹಂಗಾದ್ರ ನಿಮ್ಮನ್ನ ಬಲ್ಲವರು ಇಲ್ಲಿ ಯಾರದಾರ ಅಂತ ಚೇರ್‌ಪರ್ಸನ್ ಕೇಳಿದ್ರು.

ಮಾಗ್ದಾ ನನ್ನ ಕಡೆ ನೋಡಿದ್ಳು. ಲೀಲಾ ಬಲ್ಲಳು ಅಂದ್ಳು. ಅವಳೂ ಅಂತ ಶುರು ಮಾಡಿ ನಿಲ್ಲಿಸಿದ್ಳು. "ಅವಳೂ ನಾನೂ ಒಂದೇ ಕಡೆ ಕೆಲಸ ಮಾಡ್ತೀವಿ" ಅಂದ್ಳು. ಕೊಟ್ಟ ಮಾತು ಅಲ್ಲೂ ಉಳಿಸಿಕೊಂಡ್ಳು.

ಎಲ್ಲರ ಕಣ್ಣು ನನ್ನ ಮೇಲೆ. ಆಂಟಿ ನನ್ನ ಮೊಣಕೈ ಮುಟ್ಟಿ, ಅಯ್ಯೋ ನಿಮ್ಮನ್ನ ಯಾಕೆ ಎಳೀತಾಳೆ ಅಂದ್ರು. ಕೇಶವಮೂರ್ತಿ ಅಂಕಲ್ ತಿರುಗಿ, "ಹೇಳಮ್ಮಾ ಲೀಲಾ, ಚೆನ್ನಾಗಿ ಗೊತ್ತಾ?" ಅಂದ್ರು.

ನಾನು ಎದ್ದು ನಿಂತೆ. ಹೇಳಬೇಕಂತ ಮನೆಯಲ್ಲಿ ಬಾಯಿಪಾಠ ಮಾಡಿದ್ದೆಲ್ಲ ಇತ್ತು, ಒಂದೂ ಮರೆತಿರಲಿಲ್ಲ. "ಕೆಲಸದ ಪರಿಚಯ ಅಷ್ಟೇ. ಹೆಚ್ಚೇನೂ ಗೊತ್ತಿಲ್ಲ," ಅಂದೆ. ಕುಂತೆ.

ನಿಂತಿದ್ದವಳು ಮಾಗ್ದಾ ಒಬ್ಬಳೇ, ಆದರೂ ಒಂದೇ ಓಟಿನಿಂದ ಸೀಟು ಹೋಯಿತು.

ಆಗಸ್ಟ್ ೨೬, ಭಾನುವಾರ

ಬಟ್ಟೆ ಒಗೆದೆ. ಮಾರ್ಕೆಟ್ಟಿಗೆ ಹೋದೆ. ಬರಿಯೋಕೆ ಏನಿಲ್ಲ.

ಸೆಪ್ಟೆಂಬರ್ ೧೦, ಸೋಮವಾರ

ಎರಡು ವಾರ ಮಾಗ್ದಾ ನನ್ನ ಜೊತೆ ಒಂದು ಮಾತೂ ಆಡಿರಲಿಲ್ಲ. ಚಾದರ ಒಬ್ಬಳೇ ಮಡಚುತ್ತಿದ್ದಳು. ಇವತ್ತು ನಾನೇ ಹೋಗಿ, ನನಗೂ ಮಗಳಿದ್ದಾಳೆ, ನನ್ನ ಕಷ್ಟ ನಿನಗೆ ಗೊತ್ತಿಲ್ಲವಾ ಅಂದೆ. ನಾನು ನನ್ನ ಗುಟ್ಟು ಹೇಳಬೇಕು ಅಂತ ನೀನು ಬಯಸಿದ್ದು ತಪ್ಪಲ್ಲವಾ ಅಂತನೂ ಅಂದೆ.

ಅವಳು ಮಷಿನ್ ನಿಲ್ಲಿಸಿದಳು. "ನೀನು ಯಾರು ಅಂತ ಹೇಳು ಅಂತ ನಾನು ಕೇಳಿರಲಿಲ್ಲ, ಲೀಲಾ. ನಾನು ಯಾರು ಅಂತ ನಿನಗೆ ಗೊತ್ತು ಅಂದಿದ್ದರೆ ಸಾಕಿತ್ತು."

ಅಷ್ಟು ಹೇಳಿ ಮತ್ತೆ ಮಷಿನ್ ಹಚ್ಚಿದಳು. ನಾನು ಬಾತ್‌ರೂಮಿಗೆ ಹೋಗಿ ಅತ್ತೆ. ಸಂಜೆ ಮನೆಗೆ ಬಂದ ಮೇಲೆ ಅನಿಸಿತು, ಅವಳು ಇಷ್ಟು ಕಟುವಾಗಿ ಮಾತಾಡೋ ಅಗತ್ಯ ಇರಲಿಲ್ಲ. ಸೂಪರ್‌ವೈಸರ್‌ಗೆ ಫೋನ್ ಮಾಡಿ ಅಡುಗೆಮನೆ ಕಡೆ ಶಿಫ್ಟ್ ಬದಲಾಯಿಸಿಕೊಂಡೆ.

ಸೆಪ್ಟೆಂಬರ್ ೩೦, ಭಾನುವಾರ

ಅಂಕಲ್ ಆಂಟಿ ನಮ್ಮ ಮನೆಗೇ ಊಟಕ್ಕೆ ಬಂದಿದ್ದರು. ನೀರುದೋಸೆ ಮಾಡಿದ್ದೆ, ಪುಸ್ತಕ ನೋಡಿ. ಕೊಂಕಣಿ ಕೈರುಚಿನೇ ಬೇರೆ ಅಂತ ಆಂಟಿ ಹೊಗಳಿದರು. ಕನ್ನಡ ಎಷ್ಟು ಚೆನ್ನಾಗಿ ಆಗಿದೆ ನಿಮ್ಮದು, ಈಗ ಐತಿ ಗಿಯ್ತಿ ಇಲ್ಲವೇ ಇಲ್ಲ ಅಂತನೂ ಅಂದರು. ನಾನು ಗಮನಿಸಿರಲಿಲ್ಲ. ಪ್ರಕಾಶ್ ನನ್ನ ಕಡೆ ನೋಡಿದರು.

ಆ ಖಾಲಿ ಸೀಟಿನ ವಿಷಯ ಬಂತು. ಸಣ್ಣ ಸಮುದಾಯದವರು ಯಾರೂ ಸರಿ ಹೋಗಲಿಲ್ಲ ಅಂತ ಈಗ ಅದನ್ನ ಮಹಿಳೆಯರಿಗೆ ಬಿಟ್ಟಿದ್ದಾರಂತೆ. ಅಂಕಲ್ ನನ್ನ ಹೆಸರು ಸೂಚಿಸಿದ್ದಾರೆ. ಅವತ್ತು ಸಭೆಯಲ್ಲಿ ನಾನು ಸ್ನೇಹ ಅಂತ ನೋಡದೆ ನೇರವಾಗಿ ಮಾತಾಡಿದ್ದು ಎಲ್ಲರಿಗೂ ಇಷ್ಟವಾಯಿತಂತೆ.

ಬೇಡ ಅನ್ನಬೇಕಿತ್ತು. ಆದರೆ ನಾನು ಬೇಡ ಅಂದರೆ ಆ ಹೆಂಗಸಿಗೇನು ಸೀಟು ವಾಪಸ್ ಬರುತ್ತದಾ? ಒಳಗೆ ಇದ್ದರೆ ಮುಂದೆ ಅವರಂಥವರಿಗೂ ಏನಾದರೂ ಮಾಡಬಹುದು. ಒಪ್ಪಿಕೊಂಡೆ.

ಅಕ್ಟೋಬರ್ ೧೪, ಭಾನುವಾರ

ಮಾಗ್ದಾ ಕೆಲಸ ಬಿಟ್ಟಳಂತೆ. ಗಂಡ ಮಕ್ಕಳನ್ನ ಕರೆದುಕೊಂಡು ಆಕ್ಲೆಂಡ್‌ಗೆ, ಒನೆಹುಂಗಾದಲ್ಲಿ ಯಾವುದೋ ಫ್ಯಾಕ್ಟರಿ ಕೆಲಸಕ್ಕೆ. ಉಳಿದ ಮೂರು ಮನೆಯವರು ಇಲ್ಲೇ ಇದ್ದಾರೆ. ಸೂಪರ್‌ವೈಸರ್ ಹೇಳಿದಳು. ನನಗೆ ಹೇಳಿ ಹೋಗಲಿಲ್ಲ. ಅಂಕಲ್‌ಗೆ ತಿಳಿಸಿದರೆ, "ನಾನು ಹೇಳಿರಲಿಲ್ವಾ, ಒಂದು ಕಡೆ ನಿಲ್ಲೋ ಜನ ಅಲ್ಲ ಅಂತ" ಅಂದರು. ಹೌದು ಅನಿಸಿತು ಒಂದು ಕ್ಷಣ. ಆಮೇಲೆ ನಾವು ಎಲ್ಲಿಂದ ಎಲ್ಲಿಗೆ ಬಂದು ಕೂತಿದ್ದೀವಿ ಅಂತ ನೆನಪಾಯಿತು.

ಮಧ್ಯಾಹ್ನ ಅಮ್ಮನ ಫೋನ್ ಬಂತು. ಮೊದಲು ಫೋನ್ ಹಿಡಿದು ಬಾತ್‌ರೂಮಿಗೆ ಹೋಗ್ತಿದ್ದೆ, ಇವತ್ತು ಕೈ ಹಿಟ್ಟಾಗಿತ್ತು, ಅಲ್ಲೇ ಮಾತಾಡಿದೆ. ಅಮ್ಮನಿಗೆ ಕಣ್ಣು ಪೂರಾ ಮಂಜಾಗಿದೆ, ಒಮ್ಮೆ ಬಂದು ಮುಖ ತೋರಿಸು ಅಂತ ಅತ್ತಳು. ಪಕ್ಕದಲ್ಲಿ ಕೃಪಾ ಹೋಮ್‌ವರ್ಕ್ ಮಾಡ್ತಿದ್ದಳು. ಫೋನ್ ಇಟ್ಟ ಮೇಲೆ, ಅದು ಯಾವ ಲ್ಯಾಂಗ್ವೇಜ್ ಮಮ್ಮಿ, ಕನ್ನಡ ಅಲ್ವಲ್ಲಾ ಅಂದಳು.

ಕೊಂಕಣಿ ಅಂದೆ. ಸ್ಕೂಲಲ್ಲಿ ಹೇಳ್ತೀನಿ, ನನಗೆ ಮೂರು ಭಾಷೆ ಇದೆ ಅಂತ ಅಂದಳು.

ನವೆಂಬರ್ ೩, ಶನಿವಾರ

ರಾಜ್ಯೋತ್ಸವ ಚೆನ್ನಾಗಿ ಆಯಿತು. ಇನ್ನೂರು ಜನ ಇರಬಹುದು. ಕೌನ್ಸಿಲ್‌ನಿಂದಲೂ ಒಬ್ಬರು ಬಂದಿದ್ದರು.

ಗ್ರೀನ್ ರೂಮಿನಲ್ಲಿ ಪದ್ಮಾವತಿ ಆಂಟಿ ಮಕ್ಕಳ ಮುಖಕ್ಕೆ ಕಂದು ಬಣ್ಣ ಬಳಿಯುತ್ತಿದ್ದರು, ಇಲ್ಲದಿದ್ದರೆ ಲಂಬಾಣಿ ಅನ್ನಿಸಲ್ಲ ಅಂತ. ಕೃಪಾಳ ಸರದಿ ಬಂದಾಗ ಗಲ್ಲ ಹಿಡಿದು ನೋಡಿ, "ಇವಳಿಗೆ ಬೇಡ ಬಿಡಿ, ಹಾಗೇ ಇದ್ದಾಳೆ" ಅಂದರು. ಅಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ. ಅವಳ ಘುಗರಿ ಜಾರುತ್ತಿತ್ತು, ನಾನೇ ಬಿಗಿ ಮಾಡಿ ಕಟ್ಟಿದೆ. ಯಾರಿಗೂ ಬರದ ಗಂಟು ಅದು, ಕೈ ತಾನಾಗೇ ಹಾಕಿತು. ಎಷ್ಟು ನೀಟಾಗಿ ಕಟ್ತೀರಿ ಅಂತ ಆಂಟಿ ಉಳಿದ ಮಕ್ಕಳಿಗೂ ನನ್ನ ಕೈಯಿಂದಲೇ ಕಟ್ಟಿಸಿದರು.

ಮಕ್ಕಳು ಸ್ಟೇಜಿಗೆ ಬರುವಾಗ ನಿರೂಪಣೆ ಮಾಡುತ್ತಿದ್ದವರು, ತಾಂಡಾ ಬಂತು, ಪರ್ಸು ಹುಷಾರು ಅಂದರು. ಹಾಲ್ ಪೂರ್ತಿ ನಗು. ಪ್ರಕಾಶ್ ಎದ್ದು ಹೊರಗೆ ಹೋದರು, ಕಾರ್ ಲಾಕ್ ಮಾಡಿದ್ದೀನಾ ನೋಡಿ ಬರ್ತೀನಿ ಅಂತ. ಡ್ಯಾನ್ಸ್ ಮುಗಿಯುವವರೆಗೂ ಬರಲಿಲ್ಲ. ಮಗಳು ಅಷ್ಟು ಚೆನ್ನಾಗಿ ಕುಣಿಯೋದನ್ನ ನೋಡದೆ ಹೋದರಲ್ಲ ಅಂತ ನನಗೆ ಬೇಜಾರಾಯಿತು. ಕಾರಿನಲ್ಲಿ ಕೇಳಿದರೆ ರೇಡಿಯೋ ಜೋರು ಮಾಡಿದರು. ಈಚೆಗೆ ಅವರು ಎಲ್ಲದಕ್ಕೂ ತಲೆ ಕೆಡಿಸಿಕೊಳ್ಳುತ್ತಾರೆ.

ನವೆಂಬರ್ ೧೫, ಗುರುವಾರ

ಫೋರಮ್‌ನಲ್ಲಿ ನನ್ನ ಮೊದಲ ಸಭೆ. ರೇಷ್ಮೆ ಸೀರೆ ಉಟ್ಟುಕೊಂಡು ಹೋಗಿದ್ದೆ. ಎಲ್ಲರೂ ಎದ್ದು ಕೈ ಕುಲುಕಿದರು. ಬಳಗದ ಪರವಾಗಿ ಕೇಶವಮೂರ್ತಿ ಅಂಕಲ್ ನನ್ನ ಪಕ್ಕದಲ್ಲೇ ಕೂತಿದ್ದರು, ಧೈರ್ಯ ಬಂತು.

ಕೌನ್ಸಿಲ್‌ನ ಹೆಣ್ಣುಮಗಳು ಒಂದು ಯೋಜನೆ ತಂದಿದ್ದರು. ಲೈಬ್ರರಿಯ ಗೋಡೆಗೆ ಒಂದು ದೊಡ್ಡ ಬೋರ್ಡ್. ಈ ಭಾಗದಲ್ಲಿ ವಾಸ ಮಾಡುವ ಎಲ್ಲ ಸಮುದಾಯಗಳ ಹೆಸರು, ಅವರವರ ಭಾಷೆಯಲ್ಲಿ ಬನ್ನಿ ಅನ್ನುವ ಒಂದು ಮಾತು. ಒಂದೊಂದೇ ಹೆಸರು ಓದಿ ಕೇಳುತ್ತಾ ಬಂದರು. ರೋಮಾ ಅಂತ ಒಬ್ಬರು ಬಂದಿದ್ದರಲ್ಲ, ಇದ್ದಾರಾ ಅಂದರು. ಹೊರಟುಹೋದರು ಅಂದೆ. ಉಳಿದ ಮೂರು ಮನೆಯವರು ನೆನಪಾಗುವಷ್ಟರಲ್ಲಿ ಅವರು ಮುಂದಿನ ಹೆಸರಿಗೆ ಹೋಗಿದ್ದರು.

ಕೊನೆಗೆ ಅವರು ನನ್ನ ಕಡೆ ತಿರುಗಿ, ರಾಜ್ಯೋತ್ಸವದ ಆ ಕನ್ನಡಿ ಲಂಗದ ಕುಣಿತ ತಮ್ಮ ಕಣ್ಣಲ್ಲೇ ಇದೆ ಅಂದರು. ಆ ಜನ ಯಾರಾದರೂ ಇಲ್ಲಿದ್ದಾರಾ, ಇದ್ದರೆ ಅವರ ಭಾಷೆಯಲ್ಲೂ ಒಂದು ಮಾತು ಹಾಕೋಣ, ಜಾಗ ಇದೆ ಅಂದರು. ಅಂಕಲ್, ಲೀಲಾಗೆ ಗೊತ್ತಿರುತ್ತೆ, ಇವರು ಹುಬ್ಬಳ್ಳಿ ಕಡೆ ಬೆಳೆದವರು ಅಂದರು.

ಬಂದವರನ್ನ ಒಳಗೆ ಕರೆಯಲು ಅಮ್ಮ ಹೇಳುತ್ತಿದ್ದ ಮಾತು ನಾಲಿಗೆಯವರೆಗೂ ಬಂತು. ನುಂಗಿದೆ.

"ಇಲ್ಲ," ಅಂದೆ. "ಅವರು ಇಲ್ಲಿ ಯಾರೂ ಇಲ್ಲ."

ಅವರು ಥ್ಯಾಂಕ್ಸ್ ಹೇಳಿ, ಆ ಸಾಲು ಹೊಡೆದು ಹಾಕಿದರು.